ಗ್ರೇಮ್ ಸೂನೆಸ್: ಆಟಗಾರನಾಗಿ ಸರಿ, ತರಬೇತುದಾರನಾಗಿ ಇವರನ್ನು ಯಾವ ಸಾಲಿನಲ್ಲಿ ಕೂರಿಸುವುದು?

ಮೈದಾನದಂಚು

2019ರಲ್ಲಿ ಬೆಂಗಳೂರು ಎಫ್‌ಸಿ ಮತ್ತು ಗ್ಲಾಸ್ಗೋದ ರೇಂಜರ್ಸ್ ನಡುವೆ ಒಡಂಬಡಿಕೆಯಾದ ಮೇಲೆ ನಾನು ರೇಂಜರ್ಸ್ ಕ್ಲಬ್ಬಿನ ಹಳೆಯ ಕಥೆಗಳನ್ನು ಬಿಡುವಾದಾಗಲೆಲ್ಲ ಓದುತ್ತಾ ಬಂದಿದ್ದೇನೆ. ಎಲ್ಲಿಂದ ಆರಂಭಿಸಿದರೂ ಅವು 1986ಕ್ಕೆ, ಅಂದರೆ ಆ ವರ್ಷ ಅಲ್ಲಿ ಮ್ಯಾನೇಜರ್ ಆಗಿ ಬಂದ ಗ್ರೇಮ್ ಸೂನೆಸ್ ಎಂಬ ಸ್ಕಾಟ್ ಆಟಗಾರನ ಬಾಗಿಲಿಗೆ, ಬಂದು ನಿಲ್ಲುತ್ತವೆ.

ಆಟಗಾರನಾಗಿ ಅವರ ಯೋಗ್ಯತೆಯ ಬಗ್ಗೆ ನನಗೆ ತಕರಾರಿಲ್ಲ. 1978ರ ಜನವರಿಯಲ್ಲಿ ಮಿಡಲ್ಸ್‌ಬರೋದಿಂದ ಲಿವರ್‌ಪೂಲ್‌ಗೆ ಬಂದವರು 1984ರಲ್ಲಿ ಅಲ್ಲಿಂದ ಹೊರಡುವಷ್ಟರಲ್ಲಿ ಐದು ಲೀಗ್ ಪ್ರಶಸ್ತಿ, ಮೂರು ಯುರೋಪಿಯನ್ ಕಪ್, ನಾಲ್ಕು ಲೀಗ್ ಕಪ್ ಗೆದ್ದಿದ್ದರು. ನನ್ನ ಪ್ರಶ್ನೆ ಅದರ ಮುಂದಿನ ಇಪ್ಪತ್ತು ವರ್ಷಗಳದ್ದು. ರೇಂಜರ್ಸ್, ಲಿವರ್‌ಪೂಲ್, ಗಲಾಟಸರಾಯ್, ಸೌತಾಂಪ್ಟನ್, ಟೊರಿನೊ, ಬೆನ್ಫಿಕಾ, ಬ್ಲ್ಯಾಕ್‌ಬರ್ನ್, ನ್ಯೂಕಾಸಲ್ ಎಂದು ಎಂಟು ಕ್ಲಬ್ಬು, ಐದು ದೇಶ ತಿರುಗಿದವರು. ಒಂದು ಕಡೆ ಕ್ಲಬ್ಬಿನ ಹಣೆಬರಹವನ್ನೇ ತಿದ್ದಿದರು, ಇನ್ನೊಂದು ಕಡೆ ತಾವೇ ಕಟ್ಟಲು ನೆರವಾದ ಮನೆಯ ತೊಲೆಯನ್ನು ಕಿತ್ತರು ಎಂಬ ಆರೋಪ ಹೊತ್ತರು.

ನನ್ನ ಅನಿಸಿಕೆಯನ್ನು ಮೊದಲೇ ಹೇಳಿಬಿಡುತ್ತೇನೆ. ಸೂನೆಸ್ ತನ್ನ ಆಟಗಾರರಲ್ಲಿ ಪ್ರತಿಯೊಬ್ಬನೂ ಸೂನೆಸ್ ಆಗಿರಬೇಕೆಂದು ಬಯಸಿದ ಮ್ಯಾನೇಜರ್, ಆದ್ದರಿಂದಲೇ ಸೋತ ಮ್ಯಾನೇಜರ್. ಒಪ್ಪದವರು ಕಾರಣ ಕೊಟ್ಟು ಜಗಳವಾಡಬೇಕೆಂದು ವಿನಂತಿ.

ಅಂಕಿಗಣಕ

"ಸೋತ ಮ್ಯಾನೇಜರ್" ಎಂಬ ಮಾತಿಗೆ ನನ್ನ ಮೊದಲ ಆಕ್ಷೇಪ. ರೇಂಜರ್ಸ್‌ನಲ್ಲಿ ಐದು ಪೂರ್ಣ ಋತುಗಳಿಗಿಂತ ಕಡಿಮೆ ಅವಧಿಯಲ್ಲಿ ಮೂರು ಲೀಗ್ ಪ್ರಶಸ್ತಿ, ನಾಲ್ಕು ಲೀಗ್ ಕಪ್. ಲಿವರ್‌ಪೂಲ್‌ನಲ್ಲಿ 1992ರ ಎಫ್‌ಎ ಕಪ್. ಗಲಾಟಸರಾಯ್‌ನಲ್ಲಿ ಒಂದೇ ಋತು, ಅದರಲ್ಲೂ 1996ರ ಟರ್ಕಿ ಕಪ್. ಬ್ಲ್ಯಾಕ್‌ಬರ್ನ್‌ನಲ್ಲಿ 2001ರಲ್ಲಿ ಮೇಲಿನ ದರ್ಜೆಗೆ ಬಡ್ತಿ ಮತ್ತು 2002ರ ಲೀಗ್ ಕಪ್. ಇಷ್ಟನ್ನು ಗೆದ್ದವರು ಸೋತವರಾದರೆ, ಗೆದ್ದವರೆಂದು ಕರೆಸಿಕೊಳ್ಳಲು ಬೆರಳೆಣಿಕೆಯ ಜನರೂ ಸಿಗಲಾರರು.

ಎಡಗಾಲು

ಆ 1992ರ ಕಪ್ ಹಿಂದೆ ಅಡಗಿ ಕುಳಿತುಕೊಳ್ಳಬೇಡಿ. ನಾನು ಲಿವರ್‌ಪೂಲ್ ಅಭಿಮಾನಿ. ಸೂನೆಸ್ ಮ್ಯಾನೇಜರ್ ಆಗಿದ್ದ ಆ ಮೂರು ವರ್ಷಗಳಲ್ಲಿ ತಂಡ ಲೀಗ್‌ನಲ್ಲಿ ಎರಡು ಬಾರಿ ಆರನೆಯ ಸ್ಥಾನದಲ್ಲಿ ನಿಂತಿತು, ಮೂರನೆಯ ವರ್ಷ ಬ್ರಿಸ್ಟಲ್ ಸಿಟಿ ಎಂಬ ಕೆಳದರ್ಜೆಯ ತಂಡ ನಮ್ಮದೇ ಆನ್‌ಫೀಲ್ಡ್‌ನಲ್ಲಿ ನಮ್ಮನ್ನು ಎಫ್‌ಎ ಕಪ್‌ನಿಂದ ಹೊರಗಟ್ಟಿತು, ಅದರ ಬೆನ್ನಿಗೇ ಮ್ಯಾನೇಜರ್ ರಾಜೀನಾಮೆ ಕೊಟ್ಟರು. ಪೀಟರ್ ಬಿಯರ್ಡ್ಸ್‌ಲಿಯನ್ನು ಪಕ್ಕದ ಬೀದಿಯ ಎವರ್ಟನ್‌ಗೆ ಮಾರಿದವರನ್ನು ಯಾವ ಸಾಲಿನಲ್ಲಿ ಕೂರಿಸಬೇಕೆಂದು ನನ್ನನ್ನು ಕೇಳಿದರೆ, ಮೈದಾನದ ಹೊರಗಿನ ಸಾಲಿನಲ್ಲಿ ಎನ್ನುತ್ತೇನೆ.

ಸಂಜೆಯ ಶಿಳ್ಳೆ

ಎರಡನೆಯ ಉತ್ತರಕ್ಕೇ ಟ್ಯಾಕಲ್ ಬಿತ್ತು, ಇದು ಸೂನೆಸ್ ಚರ್ಚೆ ಎಂಬುದರಲ್ಲಿ ಸಂಶಯವಿಲ್ಲ.

ಹಳೆಯ ಬೂಟು

ತರಬೇತುದಾರನ ಬಗ್ಗೆ ಮಾತಾಡುವ ಮೊದಲು ಆಟಗಾರನನ್ನು ಒಂದೇ ವಾಕ್ಯದಲ್ಲಿ ದಾಟಿ ಹೋಗುವುದು ಅನ್ಯಾಯ. ಈಗಿನ ಹುಡುಗರು ಅವರನ್ನು ಟಿ.ವಿ.ಯಲ್ಲಿ ಕುಳಿತು ಬೈಯುವ ಮುದುಕರೆಂದೋ, ಕಾಲು ಮುರಿಯುವ ಆಟಗಾರರೆಂದೋ ತಿಳಿದಿದ್ದಾರೆ. 1978ರ ಮೇ ತಿಂಗಳ ವೆಂಬ್ಲಿ ಫೈನಲ್‌ನ ಚಿತ್ರಿಕೆಯನ್ನು ಹುಡುಕಿ ನೋಡಿ. ಕ್ಲಬ್ ಬ್ರೂಗ್ ತಂಡದ ಎಲ್ಲರೂ ತಮ್ಮ ಪೆನಾಲ್ಟಿ ಪ್ರದೇಶದಲ್ಲಿ ಗೋಡೆ ಕಟ್ಟಿಕೊಂಡು ನಿಂತಿದ್ದಾರೆ. ಚೆಂಡು ಸೂನೆಸ್ ಹತ್ತಿರ ಬರುತ್ತದೆ. ಒದೆಯುವವರಂತೆ ಕಾಣುತ್ತಾರೆ, ಆದರೆ ಇಬ್ಬರ ನಡುವಿನ ಒಂದು ಗೇಣು ಸಂದಿಯಲ್ಲಿ ಚೆಂಡನ್ನು ಹಗುರವಾಗಿ ನೂಕುತ್ತಾರೆ, ಅಲ್ಲಿಗೆ ಓಡಿಬಂದ ಡಾಲ್ಗ್ಲಿಶ್ ಅದನ್ನು ಗೋಲ್‌ಕೀಪರ್‌ನ ಮೇಲಿಂದ ತೇಲಿಸುತ್ತಾರೆ. ಪಂದ್ಯದ ಏಕೈಕ ಗೋಲು ಅದು. ಲಿವರ್‌ಪೂಲ್‌ಗೆ ಬಂದು ಐದು ತಿಂಗಳೂ ತುಂಬಿರಲಿಲ್ಲ.

ಆ ಮಿದುತನವನ್ನು ಮಿಡಲ್ಸ್‌ಬರೋದಲ್ಲಿ ಕಲಿತರು. ಎಡಿನ್‌ಬರೋದ ಹುಡುಗ ಟಾಟನ್‌ಹ್ಯಾಮ್‌ನಲ್ಲಿ ಅವಕಾಶವಿಲ್ಲದೆ ಚಡಪಡಿಸಿ, ಮೂವತ್ತು ಸಾವಿರ ಪೌಂಡಿಗೆ ಎರಡನೆಯ ದರ್ಜೆಯ ಮಿಡಲ್ಸ್‌ಬರೋಗೆ ಹೋದರು. ಅಲ್ಲಿ ಜ್ಯಾಕ್ ಚಾರ್ಲ್‌ಟನ್ ಮ್ಯಾನೇಜರ್ ಆಗಿ ಬಂದರು. ಸೆಲ್ಟಿಕ್ ಪರ 1967ರ ಯುರೋಪಿಯನ್ ಕಪ್ ಗೆದ್ದ ಬಾಬಿ ಮರ್ಡಾಕ್ ಮಿಡ್‌ಫೀಲ್ಡ್‌ನಲ್ಲಿ ಪಕ್ಕದಲ್ಲಿ ಬಂದು ನಿಂತರು. 1973-74ರಲ್ಲಿ ಆ ತಂಡ ಎರಡನೆಯ ದರ್ಜೆಯ ಚಾಂಪಿಯನ್ ಆಯಿತು. ಮುಂದೆ ರೇಂಜರ್ಸ್‌ಗಾಗಿ ಬಾಳಿದ ಮನುಷ್ಯನಿಗೆ ಪಾಸ್ ಕೊಡುವ ವಿದ್ಯೆಯನ್ನು ದಾಟಿಸಿದವರಲ್ಲಿ ಒಬ್ಬರು ಸೆಲ್ಟಿಕ್‌ನವರು ಎಂಬುದು ನನಗೆ ಯಾವಾಗಲೂ ಮಜಾ ಕೊಡುವ ಸಂಗತಿ.

ಕೆಂಪುಕಾರ್ಡು

ಮಿದುತನದ ಮಾತು ಬಂತು, ಆದ್ದರಿಂದ ಇನ್ನೊಂದು ಮಗ್ಗುಲನ್ನೂ ಹೇಳಬೇಕು. 1984ರ ಯುರೋಪಿಯನ್ ಕಪ್ ಸೆಮಿಫೈನಲ್‌ನ ಮೊದಲ ಪಂದ್ಯದಲ್ಲಿ ಡಿನಾಮೊ ಬುಕಾರೆಸ್ಟ್‌ನ ಮೊವಿಲಾ ಅವರ ದವಡೆ ಮುರಿಯಿತು. ಚೆಂಡು ಆಗ ಬೇರೆಲ್ಲೋ ಇತ್ತು, ಹೊಡೆದದ್ದು ಸೂನೆಸ್ ಅವರ ಮುಷ್ಟಿ. ರೆಫರಿಗೆ ಕಾಣಲಿಲ್ಲ, ಶಿಕ್ಷೆಯಾಗಲಿಲ್ಲ. ಮರುಪಂದ್ಯಕ್ಕೆ ರೊಮೇನಿಯಾಗೆ ಹೋದಾಗ ಇಡೀ ಮೈದಾನ ಅವರನ್ನು ಕೂಗಿ ಹೀಯಾಳಿಸಿತು, ಅವರು ಅದನ್ನು ಹಬ್ಬದಂತೆ ಸವಿದರು, ಲಿವರ್‌ಪೂಲ್ 2-1ರಿಂದ ಗೆದ್ದು ಬಂತು. ಇದನ್ನು ಶೌರ್ಯವೆಂದು ಹೇಳುವವರಿದ್ದಾರೆ. ನಾನು ಹೇಳುವುದಿಲ್ಲ.

ಹಳೆಯ ಬೂಟು

ನಾನೂ ಅದನ್ನು ಶೌರ್ಯವೆನ್ನುವುದಿಲ್ಲ. ಆದರೆ ಅದೇ ವರ್ಷದ ಫೈನಲ್ ರೋಮ್ ನಗರದಲ್ಲಿ, ರೋಮಾ ತಂಡದ ವಿರುದ್ಧ, ಅವರದೇ ಮೈದಾನದಲ್ಲಿ ನಡೆಯಿತು. ಪೆನಾಲ್ಟಿಗಳಿಗೆ ಹೋದಾಗ ಲಿವರ್‌ಪೂಲ್‌ನ ಮೊದಲ ಹೊಡೆತವನ್ನು ನಿಕೋಲ್ ತಪ್ಪಿಸಿದರು. ಅಂಥ ಗದ್ದಲದ ನಡುವೆ ನಾಯಕ ನಡೆದು ಹೋಗಿ ತನ್ನ ಪೆನಾಲ್ಟಿಯನ್ನು ಗೋಲಿನ ಮೂಲೆಗೆ ಕಳಿಸಿದ್ದನ್ನು ಏನೆಂದು ಕರೆಯುತ್ತೀರಿ?

ಕೆಂಪುಕಾರ್ಡು

ಅದನ್ನು ಶೌರ್ಯವೆಂದು ಒಪ್ಪುತ್ತೇನೆ. ಒಂದೇ ದೇಹದಲ್ಲಿ ಎರಡೂ ಇದ್ದವು ಎಂಬುದೇ ತೊಂದರೆ.

ಮೈದಾನದಂಚು

ಆಟಗಾರನ ಬಗ್ಗೆ ಇನ್ನೊಂದು ಸಂಗತಿ ಸೇರಿಸಿ ಮ್ಯಾನೇಜರ್ ಕಡೆಗೆ ತಿರುಗೋಣ. 1984ರಲ್ಲಿ ಅವರು ಇಟಲಿಯ ಸಾಂಪ್‌ಡೋರಿಯಾಗೆ ಹೋದರು. ಅಲ್ಲಿ ಟ್ರೆವರ್ ಫ್ರಾನ್ಸಿಸ್ ಇದ್ದರು, ಇಪ್ಪತ್ತರ ಆಸುಪಾಸಿನ ವಿಯಾಲಿ ಮತ್ತು ಮಾಂಚಿನಿ ಇದ್ದರು. 1985ರ ಇಟಲಿ ಕಪ್ ಫೈನಲ್‌ನಲ್ಲಿ ಮಿಲಾನ್ ವಿರುದ್ಧ ಮೊದಲ ಪಂದ್ಯದ ಏಕೈಕ ಗೋಲು ಸೂನೆಸ್ ಅವರದು, ಆ ಕಪ್ ಸಾಂಪ್‌ಡೋರಿಯಾ ಗೆದ್ದ ಮೊದಲ ದೊಡ್ಡ ಪ್ರಶಸ್ತಿ. ಆಟಗಾರರು ಏನು ತಿನ್ನಬೇಕು, ಹೇಗೆ ವಿಶ್ರಾಂತಿ ಪಡೆಯಬೇಕು ಎಂಬ ಬಗ್ಗೆ ಅವರ ಕಣ್ಣು ತೆರೆದದ್ದು ಅಲ್ಲಿ. ಮುಂದೆ ಲಿವರ್‌ಪೂಲ್‌ನಲ್ಲಿ ನಡೆದ ರಾದ್ಧಾಂತದ ಬೀಜವೂ ಅಲ್ಲಿಯೇ ಇದೆ.

ತುಂಗಾತೀರ

ಸ್ಕಾಟ್ಲೆಂಡ್ ಪರ ಅವರ ಆಟವನ್ನು ಎಲ್ಲರೂ ಮರೆತಿರಾ? 54 ಪಂದ್ಯ, ಮೂರು ವಿಶ್ವಕಪ್. 1978ರಲ್ಲಿ ಪೆರು ಮತ್ತು ಇರಾನ್ ವಿರುದ್ಧ ಅವರನ್ನು ಆಡಿಸಲಿಲ್ಲ, ಸ್ಕಾಟ್ಲೆಂಡ್ ಒಂದನ್ನು ಸೋತು ಇನ್ನೊಂದನ್ನು ಡ್ರಾ ಮಾಡಿಕೊಂಡು ನಗೆಪಾಟಲಾಯಿತು. ಮೂರನೆಯ ಪಂದ್ಯಕ್ಕೆ ಅವರನ್ನು ಇಳಿಸಿದಾಗ ಅದೇ ತಂಡ ಹಾಲೆಂಡ್ ಅನ್ನು 3-2ರಿಂದ ಸೋಲಿಸಿತು. ಎಲ್ಲರೂ ಆರ್ಚಿ ಗೆಮ್ಮಿಲ್ ಅವರ ಗೋಲನ್ನು ನೆನೆಯುತ್ತಾರೆ, ಮಿಡ್‌ಫೀಲ್ಡ್ ಯಾರ ಕೈಯಲ್ಲಿತ್ತೆಂದು ಯಾರೂ ಕೇಳುವುದಿಲ್ಲ.

ಅಂಕಿಗಣಕ

1986ರ ವಿಶ್ವಕಪ್‌ನಲ್ಲಿ ಇದರ ತಿರುವು ನಡೆಯಿತು. ಉರುಗ್ವೆ ವಿರುದ್ಧದ ನಿರ್ಣಾಯಕ ಪಂದ್ಯದಿಂದ ನಾಯಕನನ್ನೇ ಹೊರಗಿಟ್ಟವರು ಆಗಿನ ಸ್ಕಾಟ್ಲೆಂಡ್ ಮ್ಯಾನೇಜರ್ ಅಲೆಕ್ಸ್ ಫರ್ಗ್ಯೂಸನ್. ಉರುಗ್ವೆಯ ಆಟಗಾರ ಮೊದಲ ನಿಮಿಷದಲ್ಲೇ ರೆಡ್ ಕಾರ್ಡ್ ಪಡೆದು ಹೋದರೂ ಸ್ಕಾಟ್ಲೆಂಡ್ 0-0ಗಿಂತ ಹೆಚ್ಚೇನೂ ಮಾಡಲಾಗದೆ ಮನೆಗೆ ಮರಳಿತು.

ಮೈದಾನದಂಚು

ಸರಿ, ಈಗ ರೇಂಜರ್ಸ್. 1986ರ ಏಪ್ರಿಲ್‌ನಲ್ಲಿ 32 ವರ್ಷದ ಸೂನೆಸ್ ಆಟಗಾರ-ಮ್ಯಾನೇಜರ್ ಆಗಿ ಬರುವಾಗ ರೇಂಜರ್ಸ್ 1978ರಿಂದ ಲೀಗ್ ಗೆದ್ದಿರಲಿಲ್ಲ. ಲಿವರ್‌ಪೂಲ್ ಆಡಿದ ಫೈನಲ್‌ನಲ್ಲಿ ಪ್ರೇಕ್ಷಕರು ಸತ್ತ ಹೇಸೆಲ್ ದುರಂತದ ನಂತರ 1985ರಿಂದ ಇಂಗ್ಲೆಂಡ್ ಕ್ಲಬ್ಬುಗಳಿಗೆ ಯುರೋಪಿನ ಸ್ಪರ್ಧೆಗಳಲ್ಲಿ ನಿಷೇಧವಿತ್ತು, ಸ್ಕಾಟ್ಲೆಂಡ್ ಕ್ಲಬ್ಬುಗಳಿಗೆ ಇರಲಿಲ್ಲ. ಈ ಒಂದು ಸಂದಿಯನ್ನು ಅವರು ವೆಂಬ್ಲಿಯ ಆ ಪಾಸ್‌ನಂತೆಯೇ ಕಂಡುಕೊಂಡರು. ಅಲ್ಲಿಯವರೆಗೆ ಒಳ್ಳೆಯ ಸ್ಕಾಟ್ ಆಟಗಾರರು ದಕ್ಷಿಣಕ್ಕೆ ಹೋಗುವುದು ವಾಡಿಕೆ. ಇವರು ಇಂಗ್ಲೆಂಡ್‌ನ ರಾಷ್ಟ್ರೀಯ ತಂಡದ ಟೆರಿ ಬುಚರ್, ಕ್ರಿಸ್ ವುಡ್ಸ್, ಆಮೇಲೆ ರೇ ವಿಲ್ಕಿನ್ಸ್, ಗ್ಯಾರಿ ಸ್ಟೀವನ್ಸ್, ಟ್ರೆವರ್ ಸ್ಟೀವನ್ ಅವರನ್ನು ಉತ್ತರಕ್ಕೆ ತಂದರು. ಇದು ಜಾಣತನವೋ ಹಣದ ಬಲವೋ?

ಸಂಜೆಯ ಶಿಳ್ಳೆ

ಹಣವಿದ್ದವರೆಲ್ಲ ಗೆಲ್ಲುವುದಾದರೆ ಅವರು ನ್ಯೂಕಾಸಲ್‌ನಲ್ಲೂ ಗೆಲ್ಲಬೇಕಿತ್ತು.

ಕೆಂಪುಕಾರ್ಡು

ನನ್ನ ಹೆಸರಿಗೆ ತಕ್ಕ ಮಾತನ್ನು ನಾನೇ ಹೇಳಬೇಕು. 1986ರ ಆಗಸ್ಟ್, ಹಿಬರ್ನಿಯನ್ ವಿರುದ್ಧ ಲೀಗ್‌ನ ಮೊದಲ ಪಂದ್ಯ, ಸ್ಥಳ ಸೂನೆಸ್ ಹುಟ್ಟಿದ ಎಡಿನ್‌ಬರೋ. ಜಾರ್ಜ್ ಮೆಕ್‌ಕ್ಲಸ್ಕಿ ಅವರ ಮೇಲೆ ಬಿದ್ದ ಕಾಲಿಗೆ ಮೈದಾನದ ತುಂಬ ಗುಂಪು ಜಗಳವಾಯಿತು, ಹೊಸ ಆಟಗಾರ-ಮ್ಯಾನೇಜರ್ ಮಧ್ಯಂತರಕ್ಕೆ ಮುಂಚೆಯೇ ಹೊರಗೆ ಹೋದರು, ತಂಡ 2-1ರಿಂದ ಸೋತಿತು. ಒಂಬತ್ತು ತಿಂಗಳ ನಂತರ ಅಬರ್ಡೀನ್‌ನಲ್ಲಿ ಬುಚರ್ ತಲೆಯಿಂದ ಹೊಡೆದ ಗೋಲಿನಿಂದ 1-1 ಆಗಿ ಲೀಗ್ ಕೈಗೆ ಬಂದ ದಿನವೂ ಸೂನೆಸ್ ರೆಡ್ ಕಾರ್ಡ್ ಪಡೆದಿದ್ದರು. ಋತುವಿನ ಎರಡು ತುದಿಗಳಲ್ಲಿ ಎರಡು ರೆಡ್ ಕಾರ್ಡ್, ನಡುವೆ ಒಂಬತ್ತು ವರ್ಷಗಳ ಬರ ನೀಗಿಸಿದ ಪ್ರಶಸ್ತಿ. ಇದಕ್ಕಿಂತ ಚೊಕ್ಕವಾಗಿ ಯಾರ ಜಾತಕವನ್ನೂ ಬರೆಯಲಾಗದು.

ಹಳೆಯ ಬೂಟು

ರೇಂಜರ್ಸ್ ಕಾಲದ ನಿಜವಾದ ಸಾಹಸ ಮೊ ಜಾನ್‌ಸ್ಟನ್. ಗ್ಲಾಸ್ಗೋದ ಒಳಗುಟ್ಟು ತಿಳಿಯದವರಿಗಾಗಿ ಹೇಳುತ್ತೇನೆ: ರೇಂಜರ್ಸ್ ಪ್ರೊಟೆಸ್ಟಂಟರ ಕ್ಲಬ್, ಸೆಲ್ಟಿಕ್ ಕ್ಯಾಥೊಲಿಕರ ಕ್ಲಬ್ ಎಂಬ ಗೆರೆ ದಶಕಗಳಿಂದ ಎದ್ದು ನಿಂತಿತ್ತು. ಜಾನ್‌ಸ್ಟನ್ ಕ್ಯಾಥೊಲಿಕ್, ಹಿಂದೆ ಸೆಲ್ಟಿಕ್‌ಗೆ ಆಡಿದವರು. 1989ರ ಮೇ ತಿಂಗಳಲ್ಲಿ ಸೆಲ್ಟಿಕ್ ಅವರನ್ನು ಮತ್ತೆ ತನ್ನ ಅಂಗಿ ತೊಡಿಸಿ ಪತ್ರಕರ್ತರ ಮುಂದೆ ನಿಲ್ಲಿಸಿತ್ತು. ಜುಲೈನಲ್ಲಿ ನೋಡಿದರೆ ಅವರು ರೇಂಜರ್ಸ್‌ನ ಮೈದಾನ ಐಬ್ರಾಕ್ಸ್‌ನಲ್ಲಿ ಸೂನೆಸ್ ಪಕ್ಕದಲ್ಲಿ ಕುಳಿತಿದ್ದರು. ಆ ಬದಿಯವರಿಗೆ ಜಾನ್‌ಸ್ಟನ್ ದ್ರೋಹಿ, ಈ ಬದಿಯ ಕೆಲವರಿಗೆ ಹೊರಗಿನವ. ರೇಂಜರ್ಸ್ ಅಭಿಮಾನಿಗಳು ಕ್ಲಬ್ಬಿನ ಗೇಟಿನ ಮುಂದೆ ಕೊರಳವಸ್ತ್ರ ಸುಟ್ಟರು. ನವೆಂಬರ್‌ನಲ್ಲಿ ಅದೇ ಜಾನ್‌ಸ್ಟನ್ ಸೆಲ್ಟಿಕ್ ವಿರುದ್ಧ ಕೊನೆಯ ನಿಮಿಷಗಳಲ್ಲಿ ಪಂದ್ಯದ ಏಕೈಕ ಗೋಲು ಹೊಡೆದಾಗ ಐಬ್ರಾಕ್ಸ್ ಎದ್ದು ಕುಣಿಯಿತು. ಮುನ್ನೂರು ಭಾಷಣಗಳು ಮಾಡಲಾಗದ ಕೆಲಸವನ್ನು ಒಂದು ಗೋಲು ಅರ್ಧದಷ್ಟಾದರೂ ಮಾಡಿತು.

ತುಂಗಾತೀರ

ಇಲ್ಲೊಂದು ತಿದ್ದುಪಡಿ ಬೇಕಾಗುತ್ತದೆ, ಏಕೆಂದರೆ ಈ ವಿಷಯ ಬಂದಾಗಲೆಲ್ಲ ಜಾನ್‌ಸ್ಟನ್ ರೇಂಜರ್ಸ್‌ನ ಮೊದಲ ಕ್ಯಾಥೊಲಿಕ್ ಆಟಗಾರ ಎಂದು ಯಾರಾದರೂ ಬರೆದೇ ತೀರುತ್ತಾರೆ. ಅವರಿಗಿಂತ ಮೊದಲು ಕೆಲವರು ಆಡಿದ್ದರು. ಆದರೆ ಎಲ್ಲರಿಗೂ ಗೊತ್ತಿರುವ, ಬಚ್ಚಿಡುವ ಪ್ರಶ್ನೆಯೇ ಇಲ್ಲದ, ಅಷ್ಟು ದೊಡ್ಡ ಹೆಸರಿನ ಆಟಗಾರನನ್ನು ಹಗಲು ಬೆಳಕಿನಲ್ಲಿ ಕೊಂಡುಕೊಂಡದ್ದು ಆಧುನಿಕ ಕಾಲದಲ್ಲಿ ಅದೇ ಮೊದಲು.

ಹಳೆಯ ಬೂಟು

ನಾನು "ಮೊದಲ" ಎಂಬ ಪದ ಬಳಸಲೇ ಇಲ್ಲ, ದಯವಿಟ್ಟು ಮತ್ತೊಮ್ಮೆ ಓದಿ.

ತುಂಗಾತೀರ

ಓದಿದೆ. ನೀವು ಹೇಳಲಿಲ್ಲ, ಮುಂದೆ ಹೇಳುವವರಿಗಾಗಿ ಮುಂಚಿತವಾಗಿ ತಿದ್ದಿದ್ದೇನೆ. 1987-88ರ ಋತುವಿನ ನಡುವೆ ಮಾರ್ಕ್ ವಾಲ್ಟರ್ಸ್ ಅವರನ್ನು ಕರೆತಂದದ್ದನ್ನೂ ಇದರ ಪಕ್ಕದಲ್ಲಿಡಬೇಕು. ಕಪ್ಪು ವರ್ಣದ ಆ ಆಟಗಾರನ ಮೇಲೆ ಸೆಲ್ಟಿಕ್ ಮೈದಾನದಲ್ಲಿ ಬಾಳೆಹಣ್ಣುಗಳು ಬಿದ್ದವು. ಸೂನೆಸ್ ಅವರಿಗೆ ಆಟಗಾರನ ಬಣ್ಣ, ದೇವಸ್ಥಾನ, ಊರು ಯಾವುದೂ ಮುಖ್ಯವಾಗಿರಲಿಲ್ಲ. ಚೆಂಡು ಕೊಟ್ಟರೆ ಏನು ಮಾಡುತ್ತಾನೆ ಎಂಬುದಷ್ಟೇ ಲೆಕ್ಕ. ಒರಟುತನಕ್ಕೂ ಒಂದು ಪ್ರಾಮಾಣಿಕತೆ ಇರುತ್ತದೆ.

ಎಡಗಾಲು

ರೇಂಜರ್ಸ್‌ನಲ್ಲಿ ಒಳ್ಳೆಯದು ಮಾಡಿದರು ಎಂದು ನಾನೂ ಒಪ್ಪುತ್ತೇನೆ. ಆದರೆ ಅಲ್ಲಿಯೂ ಜೊತೆಯಲ್ಲಿದ್ದವರನ್ನು ಹೇಗೆ ಕಳಿಸಿದರೆಂದು ನೋಡಿ. ಗ್ರಹಾಂ ರಾಬರ್ಟ್ಸ್ 1988ರಲ್ಲಿ ಒಂದು ಸೋಲಿನ ನಂತರ ಎದುರು ಮಾತಾಡಿದರು, ಮತ್ತೆ ಅಂಗಿ ತೊಡಲಿಲ್ಲ. ಮೊದಲ ಪ್ರಶಸ್ತಿಯ ಗೋಲು ಹೊಡೆದ ನಾಯಕ ಬುಚರ್ 1990ರಲ್ಲಿ ಮನಸ್ತಾಪದೊಂದಿಗೆ ಹೊರಟರು. ಲಿವರ್‌ಪೂಲ್‌ನಲ್ಲಿ ಇದೇ ಚಾಳಿ ದೊಡ್ಡ ಪ್ರಮಾಣದಲ್ಲಿ ನಡೆಯಿತು. ಬಿಯರ್ಡ್ಸ್‌ಲಿ, ಸ್ಟಾಂಟನ್, ಮೆಕ್‌ಮೆಹನ್, ಹೌಟನ್ ಹೋದರು. ಬಂದವರು ಯಾರು? ಪಾಲ್ ಸ್ಟೂವರ್ಟ್, ಜೂಲಿಯನ್ ಡಿಕ್ಸ್, ನೈಜೆಲ್ ಕ್ಲಫ್. ಹಳೆಯ ಬಂಗಾರವನ್ನು ಕೊಟ್ಟು ಹೊಸ ಹಿತ್ತಾಳೆ ತಂದ ಲೆಕ್ಕ.

ಬೆಂಚಿನವನು

ಎಡಗಾಲು ಅವರ ಕೋಪ ನ್ಯಾಯವಾದದ್ದು, ಆದರೆ ಪಟ್ಟಿ ಅರ್ಧದ್ದು. ರಾಬ್ ಜೋನ್ಸ್, ಡೇವಿಡ್ ಜೇಮ್ಸ್ ಅವರನ್ನು ಕೊಂಡವರು ಯಾರು? ಮೆಕ್‌ಮನಮನ್ ಅವರನ್ನು ಖಾಯಂ ಆಟಗಾರನಾಗಿ ಮಾಡಿದವರು ಯಾರು? 18 ವರ್ಷದ ರಾಬಿ ಫೌಲರ್ ಅವರನ್ನು 1993ರಲ್ಲಿ ಇಳಿಸಿದವರು ಯಾರು? ಆ ಹುಡುಗ ತಂಡಕ್ಕೆ ಬಂದ ಹೊಸತರಲ್ಲೇ ಫುಲಹ್ಯಾಂ ವಿರುದ್ಧ ಐದು ಗೋಲು ಹೊಡೆದ. ಮುಂದಿನ ಮ್ಯಾನೇಜರ್ ರಾಯ್ ಎವನ್ಸ್ ಅವರ ಕಾಲದಲ್ಲಿ ನಾವು ಚಪ್ಪಾಳೆ ತಟ್ಟಿದ ಅರ್ಧ ತಂಡವನ್ನು ನೆಟ್ಟವರು ಸೂನೆಸ್. ಫಲ ಕಿತ್ತವರು ಬೇರೆಯವರು.

ನಾನು ಬೆಂಗಳೂರಿನ ಗೌತಮಪುರದ ಕಡೆ ಮಕ್ಕಳಿಗೆ ಫುಟ್ಬಾಲ್ ಕಲಿಸುತ್ತೇನೆ. ಕಲಿಸಲು ಆರಂಭಿಸಿದ ವರ್ಷ ನನ್ನ ಬಾಯಿಂದ ದಿನಕ್ಕೆ ಹತ್ತು ಸಲ ಬರುತ್ತಿದ್ದ ಮಾತು, "ಇಷ್ಟು ಸುಲಭದ ಪಾಸ್ ನಿನಗೇಕೆ ಕಾಣುವುದಿಲ್ಲ?" ಒಂದು ಸಂಜೆ ಹನ್ನೆರಡು ವರ್ಷದ ಒಬ್ಬ ಹುಡುಗಿ ಬೂಟಿನ ದಾರ ಕಟ್ಟುತ್ತಾ ತಲೆಯೆತ್ತದೆ, "ಸರ್, ನೀವು ನಿಂತಲ್ಲಿಂದ ಕಾಣುತ್ತದೆ, ನಾನು ನಿಂತಲ್ಲಿಂದ ಅವನ ಬೆನ್ನು ಮಾತ್ರ ಕಾಣುತ್ತದೆ" ಎಂದಳು. ಆಮೇಲೆ ನಾನು ಅವಳು ನಿಂತ ಜಾಗಕ್ಕೆ ಹೋಗಿ ನಿಂತು ನೋಡಿದೆ. ಅವಳು ಹೇಳಿದ್ದು ನಿಜವಾಗಿತ್ತು. ಮೈದಾನದಂಚು ಅವರ ಮೊದಲ ಮಾತಿನಲ್ಲಿ ಹುರುಳಿದೆ ಎಂದು ನನಗೆ ಅನ್ನಿಸುವುದು ಈ ಕಾರಣಕ್ಕೆ.

ಅಂಕಿಗಣಕ

ಹುಡುಗಿ ಮ್ಯಾನೇಜರ್ ಆಗುವ ಲಕ್ಷಣ ಕಾಣುತ್ತಿದೆ. ವಿಷಯಕ್ಕೆ ಬರುವುದಾದರೆ, ಲಿವರ್‌ಪೂಲ್‌ನಲ್ಲಿ ಸೂನೆಸ್ ಮಾಡಲು ಹೊರಟದ್ದರಲ್ಲಿ ತಪ್ಪೇನಿತ್ತು? ಆನ್‌ಫೀಲ್ಡ್‌ನಲ್ಲಿ ಬಟ್ಟೆ ಬದಲಿಸಿಕೊಂಡು ಬಸ್ಸು ಹತ್ತಿ ಮೆಲ್‌ವುಡ್‌ಗೆ ಅಭ್ಯಾಸಕ್ಕೆ ಹೋಗುವ ಹಳೆಯ ಪದ್ಧತಿಯನ್ನು ನಿಲ್ಲಿಸಿದರು. ಪಂದ್ಯದ ಮುಂಚಿನ ಊಟ ಬದಲಿಸಿದರು. ಇಟಲಿಯಲ್ಲಿ ಕಂಡದ್ದನ್ನು ತಂದರು. ಕೆಲವೇ ವರ್ಷಗಳಲ್ಲಿ ಅರ್ಸೆನ್ ವೆಂಗರ್ ಆರ್ಸೆನಲ್‌ನಲ್ಲಿ ಊಟದ ತಟ್ಟೆ ಬದಲಿಸಿದಾಗ ಎಲ್ಲರೂ ಪ್ರವಾದಿ ಎಂದರು, ಇವರನ್ನು ಮನೆಹಾಳ ಎಂದರು.

ಎಡಗಾಲು

ವೆಂಗರ್ ಆಟಗಾರರನ್ನು ಒಲಿಸಿಕೊಂಡರು. ಇವರು ಬಂದ ವಾರದಿಂದಲೇ ಗೋಡೆ ಕೆಡವಿದರು. ಬೂಟ್ ರೂಮ್ ಅನ್ನೂ ನೆನಪಿಸಬೇಕೇ? ಹಳೆಯ ಮ್ಯಾನೇಜರ್ ಶ್ಯಾಂಕ್ಲಿ ಕಾಲದಿಂದ ತರಬೇತುದಾರರು ಕುಳಿತು ಮಾತಾಡುತ್ತಿದ್ದ ಆ ಕೋಣೆಯನ್ನೇ ಒಡೆದು ಹಾಕಿಸಿದರು.

ತುಂಗಾತೀರ

ಮತ್ತೆ ತಿದ್ದುಪಡಿ, ಬೇಸರಿಸಬೇಡಿ. ಆ ಕೋಣೆಯನ್ನು 1993ರಲ್ಲಿ ಪತ್ರಕರ್ತರಿಗೆ ಜಾಗ ಮಾಡಲು ಕೆಡವಿದ್ದು ನಿಜ, ಆದರೆ ಅದು ಕ್ಲಬ್ ಆಡಳಿತದ ತೀರ್ಮಾನ, ತಮ್ಮದಲ್ಲ ಎಂದು ಸೂನೆಸ್ ಮೊದಲಿನಿಂದಲೂ ಹೇಳುತ್ತಾ ಬಂದಿದ್ದಾರೆ. ಆ ಕಾಲದಲ್ಲಿ ಮ್ಯಾನೇಜರ್ ಅವರಾಗಿದ್ದರಿಂದ ಅಪವಾದ ಅವರ ಮನೆಗೆ ಹೋಯಿತು. ಊರಿಗೆಲ್ಲ ಒಬ್ಬನೇ ಕಳ್ಳ ಸಿಕ್ಕಿಬಿಟ್ಟರೆ ಉಳಿದವರಿಗೆ ಎಷ್ಟು ಅನುಕೂಲ.

ಎಡಗಾಲು

ಬೂಟ್ ರೂಮ್ ವಿಷಯದಲ್ಲಿ ನಾನು ಹಿಂದೆ ಸರಿಯುತ್ತೇನೆ. ಆದರೆ 1992ರ ಏಪ್ರಿಲ್ ವಿಷಯದಲ್ಲಿ ಸರಿಯಲಾರೆ. 38ನೆಯ ವಯಸ್ಸಿನಲ್ಲಿ ಹೃದಯದ ಶಸ್ತ್ರಚಿಕಿತ್ಸೆಯಾಗಿ ಆಸ್ಪತ್ರೆಯಲ್ಲಿ ಮಲಗಿದ್ದಾಗ ಅವರು "ದ ಸನ್" ಪತ್ರಿಕೆಗೆ ಸಂದರ್ಶನ ಕೊಟ್ಟರು. ಹಿಲ್ಸ್‌ಬರೋ ದುರಂತದಲ್ಲಿ ಸತ್ತ ಅಭಿಮಾನಿಗಳ ಮೇಲೆ ಸುಳ್ಳು ಹೊರಿಸಿದ ಪತ್ರಿಕೆ ಅದು, ಲಿವರ್‌ಪೂಲ್ ನಗರದಲ್ಲಿ ಜನ ಅದನ್ನು ಕೈಯಲ್ಲಿ ಹಿಡಿಯುವುದಿಲ್ಲ. ಸಂದರ್ಶನ ಮತ್ತು ಪ್ರಿಯತಮೆಗೆ ಮುತ್ತಿಡುವ ಚಿತ್ರ ಅಚ್ಚಾದದ್ದು ಏಪ್ರಿಲ್ 15ರಂದು, ದುರಂತದ ಮೂರನೆಯ ವಾರ್ಷಿಕ ದಿನ. ಅಡಿಕೆಗೆ ಹೋದ ಮಾನ ಆನೆ ಕೊಟ್ಟರೂ ಬರುವುದಿಲ್ಲ. ತಿಂಗಳೊಳಗೆ ವೆಂಬ್ಲಿಯಲ್ಲಿ ಸಂಡರ್‌ಲ್ಯಾಂಡ್ ವಿರುದ್ಧ 2-0ರಿಂದ ಕಪ್ ಬಂತು, ಮೈಕೆಲ್ ಥಾಮಸ್ ಮತ್ತು ಇಯಾನ್ ರಷ್ ಹೊಡೆದರು. ವೈದ್ಯರ ಜೊತೆ ಬಂದು ಕುಳಿತ ಮ್ಯಾನೇಜರ್ ಮುಖ ಬಿಳುಚಿಕೊಂಡಿತ್ತು, ತಂಡವನ್ನು ಮೈದಾನಕ್ಕೆ ಕರೆತಂದವರು ತರಬೇತುದಾರ ರಾನಿ ಮೊರನ್. ಕಪ್ ಗೆದ್ದರೂ ಊರಿನ ಮನಸ್ಸು ಮತ್ತೆ ಕೂಡಲಿಲ್ಲ.

ಹಳೆಯ ಬೂಟು

ಇದಕ್ಕೆ ನನ್ನ ಬಳಿಯೂ ಉತ್ತರವಿಲ್ಲ. ಅದು ತನ್ನ ತಪ್ಪೆಂದು ಅವರೇ ಅನೇಕ ಬಾರಿ ಕ್ಷಮೆ ಕೇಳಿದ್ದಾರೆ, ಸಬೂಬು ಹೇಳಲಿಲ್ಲ ಎಂಬುದನ್ನು ಮಾತ್ರ ದಾಖಲಿಸುತ್ತೇನೆ.

ಸಂಜೆಯ ಶಿಳ್ಳೆ

ಬಾರದೆ ಹೋದ ಆಟಗಾರನೊಬ್ಬನ ಕಥೆಯೂ ಉಂಟು. 1991ರಲ್ಲಿ ಲಿವರ್‌ಪೂಲ್ ಫ್ರಾನ್ಸಿನ ಒಸೇರ್ ತಂಡದ ವಿರುದ್ಧ ಆಡಿದ ಸಂದರ್ಭದಲ್ಲಿ ಮಿಶೆಲ್ ಪ್ಲಾತಿನಿ ಬಂದು ಮುಂದೆ ಮ್ಯಾಂಚೆಸ್ಟರ್ ಯುನೈಟೆಡ್‌ನ ತಾರೆಯಾದ ಎರಿಕ್ ಕ್ಯಾಂಟೊನಾ ಎಂಬ ಆಟಗಾರನನ್ನು ತೆಗೆದುಕೊಳ್ಳುವಂತೆ ಸೂಚಿಸಿದರೆಂದು ಸೂನೆಸ್ ಅವರೇ ಹೇಳಿಕೊಂಡಿದ್ದಾರೆ. ಈಗಿರುವ ಜಗಳಗಂಟರೇ ಸಾಕು, ಇನ್ನೊಬ್ಬ ಬೇಡ ಎಂದು ಬಿಟ್ಟರಂತೆ. ಜಗಳಗಂಟರನ್ನು ಕಂಡರೆ ಸೂನೆಸ್ ಹೆದರಿದ ಒಂದೇ ಸಂದರ್ಭ ಇದು, ಅದೇ ಫಜೀತಿಗೆ ಇಟ್ಟುಕೊಂಡಿತು.

ಬೋಸ್ಫರಸ್ ಗೆಳೆಯ

ಕೆಲಸದ ನಿಮಿತ್ತ ನಾಲ್ಕು ವರ್ಷ ಇಸ್ತಾಂಬುಲ್‌ನಲ್ಲಿ ಇದ್ದವನು ನಾನು. ಅಲ್ಲಿ ಈ ಮನುಷ್ಯನ ಹೆಸರು ಹೇಳಿದರೆ ಲಿವರ್‌ಪೂಲ್ ಯಾರಿಗೂ ನೆನಪಾಗುವುದಿಲ್ಲ, ಬಾವುಟ ನೆನಪಾಗುತ್ತದೆ. 1996ರ ಏಪ್ರಿಲ್ 24, ಟರ್ಕಿ ಕಪ್ ಫೈನಲ್‌ನ ಎರಡನೆಯ ಪಂದ್ಯ, ಬದ್ಧ ಎದುರಾಳಿ ಫೆನರ್ಬಾಚೆಯ ಮೈದಾನ. ಮೊದಲ ಪಂದ್ಯವನ್ನು ಗಲಾಟಸರಾಯ್ 1-0ಯಿಂದ ಗೆದ್ದಿತ್ತು. ಇಲ್ಲಿ ಹೆಚ್ಚುವರಿ ಸಮಯಕ್ಕೆ ಹೋಗಿ, ಸೂನೆಸ್ ಹಿಂದೆ ಲಿವರ್‌ಪೂಲ್‌ಗೆ ಕೊಂಡಿದ್ದ ಡೀನ್ ಸಾಂಡರ್ಸ್ ಹೊಡೆದ ಗೋಲಿನಿಂದ 1-1 ಆಗಿ ಕಪ್ ಬಂತು. ಆಟಗಾರರ ನಡುವೆ ಕೈಯಿಂದ ಕೈಗೆ ಹೋಗುತ್ತಿದ್ದ ದೊಡ್ಡ ಬಾವುಟ ಇವರ ಕೈಗೆ ಬಂದಾಗ ಮೈದಾನದ ನಡುವಿನ ವೃತ್ತದವರೆಗೆ ನೆಟ್ಟಗೆ ನಡೆದು, ಕೋಲನ್ನು ಎರಡೂ ಕೈಯಲ್ಲಿ ಎತ್ತಿ ನೆಲಕ್ಕೆ ನೆಟ್ಟರು. ತಿರುಗಿ ಬರುವಾಗ ಪ್ರೇಕ್ಷಕರು ಬೇಲಿ ಏರುತ್ತಿರುವುದನ್ನು ಕಂಡ ಮೇಲೆ ನಡಿಗೆ ಓಟವಾಯಿತು.

ಹೃದಯದ ಶಸ್ತ್ರಚಿಕಿತ್ಸೆಯಾದ ಇವರನ್ನು ಫೆನರ್ಬಾಚೆಯ ಅಧಿಕಾರಿಯೊಬ್ಬರು ಊನನೆಂದು ಹೀಯಾಳಿಸಿದ್ದರು, ಅದಕ್ಕೇ ಹಾಗೆ ಮಾಡಿದೆ ಎಂದು ಸೂನೆಸ್ ಹೇಳಿದ್ದಾರೆ. 1453ರಲ್ಲಿ ಕಾನ್‌ಸ್ಟಾಂಟಿನೋಪಲ್‌ನ ಕೋಟೆಯ ಮೇಲೆ ಮೊದಲ ಬಾವುಟ ನೆಟ್ಟನೆಂದು ಅಲ್ಲಿನವರು ನಂಬುವ ಉಲುಬಾತ್ಲಿ ಹಸನ್ ಎಂಬ ಸೈನಿಕನ ಹೆಸರನ್ನು ಗಲಾಟಸರಾಯ್ ಅಭಿಮಾನಿಗಳು ಇವರಿಗೆ ಜೋಡಿಸಿದರು. ನನ್ನ ಕಚೇರಿಯ ಬಳಿ ಎಳ್ಳು ಹಚ್ಚಿದ ರೊಟ್ಟಿಬಳೆ ಮಾರುವ ಒಬ್ಬ ಹಿರಿಯರು ಕೈಯಲ್ಲಿನ ಇಕ್ಕುಳವನ್ನೇ ಬಾವುಟದ ಕೋಲಿನಂತೆ ಗಾಡಿಯ ಮೇಲೆ ಊರಿ ಆ ದೃಶ್ಯವನ್ನು ಅಭಿನಯಿಸುತ್ತಿದ್ದರು. ಒಂದೇ ಒಂದು ಋತು ಇದ್ದು ಹೋದವರಿಗೆ ಇಷ್ಟು ನೆನಪು!

ಮೈದಾನದಂಚು

ನೆನಪು ಸರಿ, ಆದರೆ ಆ ಋತು ಮುಗಿದ ಕೂಡಲೇ ಕ್ಲಬ್ ಅವರನ್ನು ಉಳಿಸಿಕೊಳ್ಳಲಿಲ್ಲವಲ್ಲ. ನಂತರ ಬಂದ ಫಾತಿಹ್ ತೆರಿಮ್ ನಾಲ್ಕು ಲೀಗ್ ಗೆದ್ದರು.

ಸಂಜೆಯ ಶಿಳ್ಳೆ

ಗಲಾಟಸರಾಯ್ ಮುಗಿಸಿ ಅವರ ಮುಂದಿನ ಕ್ಲಬ್ ಸೌತಾಂಪ್ಟನ್‌ಗೆ ಬಂದಿದ್ದೇವೆ ಎಂದ ಮೇಲೆ ಅಲಿ ಡಿಯಾ ಅವರನ್ನು ಮರೆಯಲಾಗದು. 1996ರ ನವೆಂಬರ್‌ನಲ್ಲಿ, ಖ್ಯಾತ ಆಟಗಾರ ಜಾರ್ಜ್ ವಿಯಾ ಅವರ ಹೆಸರಿನಲ್ಲಿ ಬಂದ ಒಂದು ದೂರವಾಣಿ ಕರೆಯನ್ನು ನಂಬಿ ತಂಡಕ್ಕೆ ಸೇರಿಸಿಕೊಂಡ ಆಟಗಾರ. ಲೀಡ್ಸ್ ವಿರುದ್ಧ ಗಾಯಗೊಂಡ ಮ್ಯಾಟ್ ಲ ಟಿಸಿಯೆ ಬದಲಿಗೆ ಇಳಿದರು, ಆಟ ಮುಗಿಯುವ ಮೊದಲೇ ಅವರನ್ನೂ ವಾಪಸು ಕರೆಸಿಕೊಳ್ಳಬೇಕಾಯಿತು. ಪ್ರೀಮಿಯರ್ ಲೀಗ್ ಜೀವನ ಅಲ್ಲಿಗೆ ಸಮಾಪ್ತಿ. ಫೋನಿನ ಮೇಲೆ ಸಂಬಂಧ ಗೊತ್ತುಮಾಡಿದರೆ ಹೀಗೇ ಆಗುತ್ತದೆ.

ಅಂಕಿಗಣಕ

ಅದೇ ತಂಡ ಒಂದು ತಿಂಗಳ ಹಿಂದೆ ಮ್ಯಾಂಚೆಸ್ಟರ್ ಯುನೈಟೆಡ್ ಅನ್ನು 6-3ರಿಂದ ಬಡಿದಿತ್ತು, ಋತುವಿನ ಕೊನೆಗೆ ಕೆಳದರ್ಜೆಗೆ ಜಾರದೆ ಉಳಿಯಿತು. ಅದನ್ನು ಯಾರೂ ನಗುತ್ತಾ ಹೇಳುವುದಿಲ್ಲ. ಟೊರಿನೊ ಕೆಲವೇ ತಿಂಗಳ ಮಾತು, ಬೆನ್ಫಿಕಾದಲ್ಲಿ ಎರಡನೆಯ ಸ್ಥಾನ ಬಂತು, ಪ್ರಶಸ್ತಿ ಬರಲಿಲ್ಲ. ನನ್ನ ವಾದ ನಿಂತಿರುವುದು ಬ್ಲ್ಯಾಕ್‌ಬರ್ನ್ ಮೇಲೆ. 2000ದ ಮಾರ್ಚ್‌ನಲ್ಲಿ ಬಂದು, ಕ್ಲಬ್ಬಿನ ಧಣಿ ಜ್ಯಾಕ್ ವಾಕರ್ ತೀರಿಕೊಂಡ ಋತುವಿನಲ್ಲೇ ಬಡ್ತಿ ಗಳಿಸಿದರು. ಗಲಾಟಸರಾಯ್‌ನಲ್ಲಿ ತಮಗೆ ಆಡಿದ್ದ ಫ್ರೀಡೆಲ್ ಮತ್ತು ತುಗಾಯ್ ಇಬ್ಬರನ್ನೂ ಹುಡುಕಿ ತಂದರು. 2002ರಲ್ಲಿ ಕಾರ್ಡಿಫ್‌ನಲ್ಲಿ ಟಾಟನ್‌ಹ್ಯಾಮ್ ವಿರುದ್ಧ 2-1, ಲೀಗ್ ಕಪ್. ಮರುವರ್ಷ ಪ್ರೀಮಿಯರ್ ಲೀಗ್‌ನಲ್ಲಿ ಆರನೆಯ ಸ್ಥಾನ. ಲಿವರ್‌ಪೂಲ್‌ನಲ್ಲಿ ಆರನೆಯದು ಅವಮಾನ, ಬ್ಲ್ಯಾಕ್‌ಬರ್ನ್‌ನಲ್ಲಿ ಆರನೆಯದು ಸನ್ಮಾನ. ಅಂಕಿ ಒಂದೇ.

ಕೆಂಪುಕಾರ್ಡು

ಬ್ಲ್ಯಾಕ್‌ಬರ್ನ್‌ನಲ್ಲಿ ನಿಲ್ಲಿಸಿಬಿಟ್ಟರೆ ನಿಮ್ಮ ವಾದಕ್ಕೆ ಅನುಕೂಲ, ಆದರೆ 2004ರಲ್ಲಿ ಅವರು ಬಾಬಿ ರಾಬ್ಸನ್ ನಂತರ ನ್ಯೂಕಾಸಲ್‌ಗೆ ಹೋದರು. ಕ್ರೇಗ್ ಬೆಲ್ಲಮಿ ಜೊತೆ ಜಟಾಪಟಿಯಾಗಿ ಅವರನ್ನು ಸೆಲ್ಟಿಕ್‌ಗೆ ಎರವಲು ಕೊಟ್ಟರು. 2005ರ ಏಪ್ರಿಲ್ 2ರಂದು ಆಸ್ಟನ್ ವಿಲ್ಲಾ ವಿರುದ್ಧ ನ್ಯೂಕಾಸಲ್‌ನವರೇ ಆದ ಲೀ ಬೊಯರ್ ಮತ್ತು ಕೀರನ್ ಡಯರ್ ಪರಸ್ಪರ ಹೊಡೆದಾಡಿ ಇಬ್ಬರೂ ರೆಡ್ ಕಾರ್ಡ್ ಪಡೆದರು. ಪಂದ್ಯದ ನಂತರ ಇಬ್ಬರನ್ನೂ ಪಕ್ಕದಲ್ಲಿ ಕೂರಿಸಿಕೊಂಡು ಪತ್ರಕರ್ತರೆದುರು ಕುಳಿತ ಸೂನೆಸ್ ಅವರ ಮುಖವನ್ನು ನೋಡಿ, ಶಾಲೆಯಲ್ಲಿ ಕಿಟಕಿ ಒಡೆದ ಮಕ್ಕಳ ತಂದೆಯ ಮುಖ. ಅದೇ ತಿಂಗಳು ಮೂರು ದಿನಗಳ ಅಂತರದಲ್ಲಿ ಯುಇಎಫ್‌ಎ ಕಪ್ ಮತ್ತು ಎಫ್‌ಎ ಕಪ್ ಎರಡೂ ಕೈತಪ್ಪಿದವು, ಎರಡೂ ಕಡೆ 4-1. 2006ರ ಫೆಬ್ರವರಿಯಲ್ಲಿ ಕೆಲಸ ಹೋಯಿತು. ಮತ್ತೆ ಯಾವ ಕ್ಲಬ್ಬನ್ನೂ ವಹಿಸಿಕೊಳ್ಳಲಿಲ್ಲ.

ಬೆಂಚಿನವನು

ಎಲ್ಲ ಕ್ಲಬ್ಬುಗಳನ್ನೂ ಒಟ್ಟಿಗೆ ನೋಡಿದಾಗ ನನಗೆ ಒಂದು ಬೇರೆ ಗೆರೆ ಕಾಣುತ್ತಿದೆ. ರೇಂಜರ್ಸ್ ಮಲಗಿತ್ತು, ಬ್ಲ್ಯಾಕ್‌ಬರ್ನ್ ಬಿದ್ದಿತ್ತು. ಬಾಗಿಲು ಒದ್ದು ಎಬ್ಬಿಸುವವರು ಬೇಕಿತ್ತು, ಸೂನೆಸ್ ಒದ್ದರು. ಲಿವರ್‌ಪೂಲ್‌ಗೆ 1991ರಲ್ಲಿ ಬೇಕಿದ್ದದ್ದು ಬೇರೆ. ಹಿಲ್ಸ್‌ಬರೋ ಸಾವುಗಳ ಭಾರದಲ್ಲಿ ನಲುಗಿ ಆಗಿನ ಮ್ಯಾನೇಜರ್ ಡಾಲ್ಗ್ಲಿಶ್ ರಾಜೀನಾಮೆ ಕೊಟ್ಟು ಹೋಗಿದ್ದರು, ಮನೆಯಲ್ಲಿ ಸೂತಕವಿತ್ತು. ಸೂತಕದ ಮನೆಯಲ್ಲಿ ಸುಣ್ಣ ಬಳಿಯಲು ಹೊರಟರೆ ಬಳಿಯುವ ಸುಣ್ಣ ಎಷ್ಟು ಒಳ್ಳೆಯದಾದರೂ ಏನು ಬಂತು? ಅವರ ವಿದ್ಯೆ ಒಂದೇ ಇತ್ತು, ಕ್ಲಬ್ಬುಗಳ ರೋಗ ಬೇರೆ ಬೇರೆ ಇತ್ತು.

ಎಡಗಾಲು

ಇಷ್ಟು ವರ್ಷಗಳಲ್ಲಿ ಆ ಮೂರು ವರ್ಷಗಳ ಬಗ್ಗೆ ನಾನು ಒಪ್ಪಬಹುದಾದ ಮೊದಲ ವಿವರಣೆ ಇದು. ಹಾಗೆಂದು ಬಿಯರ್ಡ್ಸ್‌ಲಿಯನ್ನು ಎವರ್ಟನ್‌ಗೆ ಮಾರಿದ್ದನ್ನು ಮನ್ನಿಸುವುದಿಲ್ಲ.

ಹಳೆಯ ಬೂಟು

2023ರ ಜೂನ್‌ನಲ್ಲಿ, 70 ತುಂಬಿದ ಮೇಲೆ, ಇದೇ ಮನುಷ್ಯ ಒಂದು ಗುಂಪಿನೊಂದಿಗೆ ಸರದಿಯಂತೆ ಇಂಗ್ಲಿಷ್ ಕಡಲ್ಗಾಲುವೆಯನ್ನು ಈಜಿದರು. ಮುಟ್ಟಿದರೆ ಚರ್ಮ ಸುಲಿಯುವ ಎಪಿಡರ್ಮೊಲೈಸಿಸ್ ಬುಲ್ಲೋಸಾ ಎಂಬ ಕಾಯಿಲೆಯ ಮಕ್ಕಳಿಗಾಗಿ ಹಣ ಕೂಡಿಸಲು. ಆ ಮಕ್ಕಳ ಬಗ್ಗೆ ಟಿ.ವಿ.ಯಲ್ಲಿ ಮಾತಾಡುವಾಗ ಅತ್ತರು. ಮೊವಿಲಾ ಅವರ ದವಡೆಗೂ ಈ ಕಣ್ಣೀರಿಗೂ ತಾಳೆ ಹಾಕಲು ನನಗೆ ಬರುವುದಿಲ್ಲ.

ಮೈದಾನದಂಚು

ನನ್ನ ಮೊದಲ ಮಾತಿನಲ್ಲಿ "ಸೋತ ಮ್ಯಾನೇಜರ್" ಎಂಬುದನ್ನು ಹಿಂತೆಗೆದುಕೊಂಡು, ರೇಂಜರ್ಸ್ ಮತ್ತು ಬ್ಲ್ಯಾಕ್‌ಬರ್ನ್ ಅನ್ನು ಒಂದು ಪಟ್ಟಿಗೆ, ಲಿವರ್‌ಪೂಲ್ ಮತ್ತು ನ್ಯೂಕಾಸಲ್ ಅನ್ನು ಇನ್ನೊಂದಕ್ಕೆ ಹಾಕುತ್ತೇನೆ. ಪ್ರತಿಯೊಬ್ಬನೂ ಸೂನೆಸ್ ಆಗಬೇಕೆಂದು ಬಯಸಿದರು ಎಂಬುದನ್ನು ಮಾತ್ರ ಬಿಡುವುದಿಲ್ಲ.

ಸಂಜೆಯ ಶಿಳ್ಳೆ

ಹಾಗಾದರೆ ಆ್ಯಗಿ ಮಾಫಟ್ ಅವರನ್ನು ಯಾವ ಪಟ್ಟಿಗೆ ಸೇರಿಸುತ್ತೀರಿ? 1991ರ ಫೆಬ್ರವರಿಯಲ್ಲಿ ರೇಂಜರ್ಸ್ ಪರ್ತ್ ನಗರದ ಸೇಂಟ್ ಜಾನ್‌ಸ್ಟನ್ ಕ್ಲಬ್ಬಿನ ಮೈದಾನಕ್ಕೆ ಹೋದಾಗ ಬಟ್ಟೆ ಬದಲಿಸುವ ಕೋಣೆಯಲ್ಲಿ ಒಡೆದು ಬಿದ್ದ ಪಾತ್ರೆಯ ವಿಷಯಕ್ಕೆ ಅಲ್ಲಿ ಚಹಾ ಕೊಡುತ್ತಿದ್ದ ಆ ಹೆಂಗಸು ಸೂನೆಸ್ ಅವರನ್ನು ಎದುರಿಗೆ ನಿಲ್ಲಿಸಿ ತರಾಟೆಗೆ ತೆಗೆದುಕೊಂಡರು. ಎರಡು ತಿಂಗಳೊಳಗೆ ಅವರು ಸ್ಕಾಟ್ಲೆಂಡ್ ಬಿಟ್ಟು ಲಿವರ್‌ಪೂಲ್ ಸೇರಿದ್ದರು, ಆ ಜಗಳವೂ ಹೊರಡಲು ಒಂದು ಕಾರಣ ಎಂದು ಆಮೇಲೆ ಅವರೇ ಹೇಳಿಕೊಂಡರು.

ಎಡಗಾಲು

ಅಂದರೆ ನಮ್ಮ ಮೂರು ವರ್ಷಗಳ ಕಷ್ಟಕ್ಕೆ ಮೂಲ ಪರ್ತ್ ನಗರದ ಒಂದು ಚಹಾ ಜಗ್ಗು ಎಂದಾಯಿತು. ಇದನ್ನು ಯಾರೂ ನನಗೆ ಮೊದಲೇ ಏಕೆ ಹೇಳಲಿಲ್ಲ?